ಒಂದೇ ಅಂಗಡಿ, ಹತ್ತು ಸರಕು: ಮೈಸೂರಿನ ರಾಜೇಂದ್ರಸಿಂಗ್ ಬಾಬು ಕತೆ

ಸಂತೆಮರಹಳ್ಳಿ: ‘ಅಂತ’ ತೆಗೆದವರೂ ‘ಬಂಧನ’ ತೆಗೆದವರೂ ಒಬ್ಬರೇ ಎಂದು ಬಸ್ ಸ್ಟಾಂಡಿನಲ್ಲಿ ಹೇಳಿ ನೋಡಿ. ಹತ್ತರಲ್ಲಿ ಐದು ಜನ ‘ಇರಲಾರದು ಬಿಡಿ ಸ್ವಾಮಿ’ ಅಂತಾರೆ. ಒಂದರಲ್ಲಿ ಏಟು, ಕೂಗು, ರಕ್ತ. ಇನ್ನೊಂದರಲ್ಲಿ ಆಸ್ಪತ್ರೆಯ ಬಿಳಿ ಗೋಡೆ, ಬಾಯಿಬಿಟ್ಟು ಹೇಳಲಾಗದ ಪ್ರೀತಿ. ‘ಮುತ್ತಿನ ಹಾರ’ದ ಯುದ್ಧವೂ ಅವರದೇ, ‘ಕುರಿಗಳು ಸಾರ್ ಕುರಿಗಳು’ ಚಿತ್ರದ ನಗುವೂ ಅವರದೇ ಎಂದರೆ ಉಳಿದ ಐದು ಜನರೂ ಅನುಮಾನಕ್ಕೆ ಬೀಳುತ್ತಾರೆ.

ಆಸಾಮಿ ಒಬ್ಬರೇ. ಹೆಸರು ಎಸ್.ವಿ. ರಾಜೇಂದ್ರಸಿಂಗ್ ಬಾಬು. ಊರು ಪಕ್ಕದ ಮೈಸೂರು. 1997ರಲ್ಲಿ ಚಾಮರಾಜನಗರ ಬೇರೆ ಜಿಲ್ಲೆಯಾಗುವ ತನಕ ಸಂತೆಮರಹಳ್ಳಿಯೂ ಮೈಸೂರು ಜಿಲ್ಲೆಯ ಲೆಕ್ಕಕ್ಕೇ ಸೇರಿತ್ತು. ಬಾಬು ಅವರ ಹೆಸರಾಂತ ಚಿತ್ರಗಳಲ್ಲಿ ಹೆಚ್ಚಿನವು ಬಂದದ್ದು ಆ ಕಾಲದಲ್ಲೇ. ಹಾಗಾಗಿ ಇವರನ್ನು ಜಿಲ್ಲೆಯವರೇ ಎಂದುಕೊಂಡರೆ ತಪ್ಪಿಲ್ಲ.

ಗೊಂದಲಕ್ಕೆ ಇನ್ನೊಂದು ಕಾರಣವೂ ಉಂಟು. ಕನ್ನಡ ಚಿತ್ರರಂಗದಲ್ಲಿ ರಾಜೇಂದ್ರ ಬಾಬು ಇಬ್ಬರು. ‘ರಾಮಾಚಾರಿ’, ‘ಹಾಲುಂಡ ತವರು’ ತೆಗೆದವರು ಡಿ. ರಾಜೇಂದ್ರ ಬಾಬು. ಅವರು 2013ರಲ್ಲಿ ತೀರಿಕೊಂಡರು. ಇವರು ಬೇರೆ, ಅವರು ಬೇರೆ. ಹೆಸರಿನ ನಡುವೆ ‘ಸಿಂಗ್’ ಇದೆಯೇ ಎಂದು ನೋಡಿದರೆ ಜಗಳ ಅಲ್ಲಿಗೆ ಬಗೆಹರಿಯುತ್ತದೆ.

ಬೋರ್ಡು ಒಂದೇ ಇರಬೇಕು ಎಂಬ ನಿಯಮ

ಅಂಗಡಿ ಇಟ್ಟವರಿಗೆ ಒಂದು ಮಾತು ಗೊತ್ತು. ಬಟ್ಟೆ ಅಂಗಡಿಯವನು ಬಟ್ಟೆ ಮಾರಬೇಕು, ಗೊಬ್ಬರದ ಅಂಗಡಿಯವನು ಗೊಬ್ಬರ. ಗಿರಾಕಿ ಬೋರ್ಡು ನೋಡಿ ಬರುತ್ತಾನೆ. ಇವತ್ತು ಸೀರೆ, ನಾಳೆ ನೇಗಿಲು, ನಾಡಿದ್ದು ಪಟಾಕಿ ಎಂದರೆ ಬಂದ ಗಿರಾಕಿಯೂ ವಾಪಸ್ಸು.

ಗಾಂಧಿನಗರದ ಲೆಕ್ಕವೂ ಇದೇ. ರೀಲಿನ ಕಾಲದಲ್ಲಿ ಚಿತ್ರ ತಯಾರಾದ ಮೇಲೆ ಅದನ್ನು ಏರಿಯಾ ಪ್ರಕಾರ ಹಂಚಿಕೆದಾರರಿಗೆ ಕೊಡುತ್ತಿದ್ದರು. ಬೆಂಗಳೂರು, ಕೋಲಾರ, ತುಮಕೂರು ಒಂದು ಏರಿಯಾ. ಮೈಸೂರು, ಮಂಡ್ಯ, ಹಾಸನ, ಕೊಡಗು ಸೇರಿ ಇನ್ನೊಂದು. ಹಂಚಿಕೆದಾರ ಎಷ್ಟೋ ವೇಳೆ ಚಿತ್ರ ಮುಗಿಯುವ ಮೊದಲೇ ಇಂತಿಷ್ಟು ಎಂದು ಮುಂಗಡ ಕಟ್ಟಬೇಕು. ಅದಕ್ಕೆ ಮಿನಿಮಮ್ ಗ್ಯಾರಂಟಿ ಎಂದು ಹೆಸರು. ಕಣ್ಣಿಗೆ ಕಾಣದ ಮಾಲಿಗೆ ಯಾವ ಧೈರ್ಯದ ಮೇಲೆ ದುಡ್ಡು ಕಟ್ಟುವುದು? ನಾಯಕನ ಮುಖ, ನಿರ್ದೇಶಕನ ಹಿಂದಿನ ಚಿತ್ರ, ಇವೆರಡರ ಮೇಲೆ. ಹಿಂದಿನದು ಹೊಡೆದಾಟದ ಚಿತ್ರವಾಗಿ ಓಡಿದ್ದರೆ ಮುಂದಿನದೂ ಹೊಡೆದಾಟವೇ ಆಗಿರಲಿ ಎಂದು ಅವನು ಬೇಡಿಕೊಳ್ಳುತ್ತಾನೆ. ಅವನನ್ನು ಬೈದು ಪ್ರಯೋಜನವಿಲ್ಲ. ಸಾಲದ ಬಡ್ಡಿ ಕಟ್ಟುವವನು ಅವನು.

ಇಂಥ ಲೈನಿನಲ್ಲಿ ಒಬ್ಬ ಮನುಷ್ಯ ಪ್ರತಿ ಸಲವೂ ಬೋರ್ಡು ಬದಲಿಸಿ ವ್ಯಾಪಾರ ಮಾಡಿದರು. ಆದರೂ ಮೂರು ಸಲ ರಾಷ್ಟ್ರ ಪ್ರಶಸ್ತಿಯ ಪಟ್ಟಿಯಲ್ಲಿ ವರ್ಷದ ಅತ್ಯುತ್ತಮ ಕನ್ನಡ ಚಿತ್ರ ಅವರದಾಯಿತು. 1984ರಲ್ಲಿ ‘ಬಂಧನ’, 1990ರಲ್ಲಿ ‘ಮುತ್ತಿನ ಹಾರ’, 1997ರಲ್ಲಿ ‘ಮುಂಗಾರಿನ ಮಿಂಚು’. ಒಂದರ ಸರಕು ಇನ್ನೊಂದರಲ್ಲಿಲ್ಲ.

ಮನೆಯೇ ಕಂಪನಿ

ಬಾಬು ಹುಟ್ಟಿದ ಮನೆ ಸಿನಿಮಾ ಮನೆ. ತಂದೆ ಡಿ. ಶಂಕರಸಿಂಗ್, ಮೈಸೂರಿನ ಮಹಾತ್ಮ ಪಿಕ್ಚರ್ಸ್ ಕಟ್ಟಿದವರು. ತಾಯಿ ಪ್ರತಿಮಾದೇವಿ, ಆ ಕಾಲದ ಹೆಸರಾಂತ ನಾಯಕಿ, 2021ರಲ್ಲಿ ತೀರಿಕೊಂಡರು. ತಂಗಿ ವಿಜಯಲಕ್ಷ್ಮಿ ಸಿಂಗ್ ನಟಿ, ನಿರ್ಮಾಪಕಿ. ಭಾವಮೈದುನ ಜೈಜಗದೀಶ್ ನಟ. ಮಗ ಆದಿತ್ಯ ಕೂಡ ನಾಯಕ ನಟರಾದರು.

ಕನ್ನಡ ಚಿತ್ರ ತೆಗೆಯಲು ಮದ್ರಾಸಿಗೆ ಗಂಟುಮೂಟೆ ಕಟ್ಟುತ್ತಿದ್ದ ಆ ದಿನಗಳಲ್ಲಿ ಮೈಸೂರಿನಲ್ಲೇ ಕೂತು ಚಿತ್ರ ತೆಗೆದ ಕಂಪನಿ ಮಹಾತ್ಮ ಪಿಕ್ಚರ್ಸ್. 1947ರ ‘ಕೃಷ್ಣಲೀಲಾ’, 1949ರ ‘ನಾಗಕನ್ನಿಕಾ’, 1951ರ ‘ಜಗನ್ಮೋಹಿನಿ’ ಇವರವು. ‘ಜಗನ್ಮೋಹಿನಿ’ ಹಳ್ಳಿ ಜನರನ್ನು ಗಾಡಿ ಕಟ್ಟಿಸಿ ಕರೆಸಿದ ಚಿತ್ರ. ಮಾಯ, ಮಂತ್ರ, ಹಾವು, ರಾಜಕುಮಾರಿ, ಇವೇ ಆಗಿನ ಮಾಲು. ತೆಲುಗಿಗೆ ಹೋಗಿ ಜಾನಪದ ಚಿತ್ರಗಳ ದೊರೆ ಎನಿಸಿಕೊಂಡ ಉದ್ಯಾವರದ ಬಿ. ವಿಠಲಾಚಾರ್ಯರೂ ಮೊದಲು ಇದೇ ಕಂಪನಿಯ ಪಾಲುದಾರರು.

ಮಗ ನಿರ್ದೇಶಕರಾಗಿ ಮೊದಲು ಮುಟ್ಟಿದ್ದೂ ಅಪ್ಪನ ಸರಕನ್ನೇ. 1975ರ ‘ನಾಗಕನ್ಯೆ’. ನಾಯಕ ವಿಷ್ಣುವರ್ಧನ್. ಇಂಥ ಚಿತ್ರದ ಗುಟ್ಟು ಕ್ಯಾಮರಾದಲ್ಲಿದೆ. ಹಾವನ್ನು ಚಿತ್ರಿಸುತ್ತಾ ಕ್ಯಾಮರಾ ನಿಲ್ಲಿಸಬೇಕು. ಕ್ಯಾಮರಾ ಕೂದಲೆಳೆಯಷ್ಟೂ ಅಲುಗದ ಹಾಗೆ ನೋಡಿಕೊಂಡು, ಹಾವಿದ್ದ ಜಾಗದಲ್ಲಿ ಹೆಣ್ಣನ್ನು ನಿಲ್ಲಿಸಿ ಮತ್ತೆ ಓಡಿಸಬೇಕು. ಪರದೆಯ ಮೇಲೆ ಹಾವು ಹೆಣ್ಣಾಗುತ್ತದೆ. ಈಗ ಕಂಪ್ಯೂಟರಿನಲ್ಲಿ ಆಗುವ ಕೆಲಸ ಆಗ ಕೈಚಳಕದಲ್ಲಿ ಆಗುತ್ತಿತ್ತು.

ಅಪ್ಪನ ಅಂಗಡಿ, ಅಪ್ಪನ ಸರಕು, ಗುರುತಿನ ಗಿರಾಕಿ. ಹೀಗೇ ಜೀವನ ಸಾಗಿಸಬಹುದಿತ್ತು. ಸಾಗಿಸಲಿಲ್ಲ.

ಕಾಡಿಗೆ ಹೊರಟ ಮಕ್ಕಳು

1977ರಲ್ಲಿ ‘ನಾಗರಹೊಳೆ’ ಬಂತು. ಮಕ್ಕಳ ಗುಂಪು, ದಟ್ಟ ಕಾಡು, ಸಾಹಸ. ವಿಷ್ಣುವರ್ಧನ್, ಭಾರತಿ, ಅಂಬರೀಷ್ ಎಲ್ಲರೂ ಇದ್ದರು. ಆದರೆ ಚಿತ್ರ ನಡೆದದ್ದು ಮಕ್ಕಳ ಮೇಲೆ, ಕಾಡಿನ ಮೇಲೆ.

ಕಾಡು ಬೆಂಗಳೂರಿನವರಿಗೆ ಹೊಸದು. ಗುಂಡ್ಲುಪೇಟೆಯವರಿಗೆ ಏನು ಹೊಸದು? ಬಂಡೀಪುರ ಬಾಗಿಲಿನಲ್ಲೇ ಇದೆ. 1973ರಲ್ಲಿ ದೇಶದ ಮೊದಲ ಒಂಬತ್ತು ಹುಲಿ ಯೋಜನೆಗಳಲ್ಲಿ ಒಂದಾಗಿ ಅದು ಸೇರಿ ಆಗಲೇ ನಾಲ್ಕು ವರ್ಷವಾಗಿತ್ತು. ರಾತ್ರಿ ಆನೆ ನುಗ್ಗಿ ಜೋಳದ ಹೊಲ ತುಳಿದು ಹೋದರೆ ಬೆಳಿಗ್ಗೆ ಹೆಜ್ಜೆ ಎಣಿಸುವ ಜನ ಇಲ್ಲಿನವರು. ಅಂಥವರಿಗೆ ಆನೆಯನ್ನು ಬರಿದೆ ತೋರಿಸಿ ಟಿಕೇಟಿನ ದುಡ್ಡು ವಸೂಲು ಮಾಡಲಾಗದು. ಮಕ್ಕಳು ಸಿಕ್ಕಿಹಾಕಿಕೊಂಡರು, ಹೇಗೆ ಪಾರಾಗುತ್ತಾರೆ ಎಂಬ ಆತಂಕ ಬೇಕು. ಬಾಬು ಅದನ್ನು ಕೊಟ್ಟರು.

ಮಾರನೆಯ ವರ್ಷ, 1978ರಲ್ಲಿ, ‘ಕಿಲಾಡಿ ಜೋಡಿ’. ಅದರಲ್ಲಿ ವಿಷ್ಣು, ಶ್ರೀನಾಥ್ ಜೋಡಿ. 1981ರಲ್ಲಿ ಮತ್ತೆ ಮಕ್ಕಳನ್ನು ಕಟ್ಟಿಕೊಂಡು ‘ಸಿಂಹದ ಮರಿ ಸೈನ್ಯ’. ಮುಂದೆ ದಕ್ಷಿಣದ ಎಲ್ಲ ಭಾಷೆಗಳಲ್ಲೂ ನಾಯಕರಾಗಿ ಮೆರೆದ ಅರ್ಜುನ್ ಸರ್ಜಾ ಮೊದಲು ಪರದೆಗೆ ಬಂದದ್ದು ಈ ಚಿತ್ರದಲ್ಲಿ, ಹುಡುಗನಾಗಿ.

‘ಅಂತ’ ಕೊಟ್ಟ ಏಟು

ಅದೇ 1981. ಮಕ್ಕಳ ಚಿತ್ರ ತೆಗೆದ ಅದೇ ಕೈ ‘ಅಂತ’ ತೆಗೆಯಿತು. ಎಚ್.ಕೆ. ಅನಂತರಾವ್ ಬರೆದ ಕಾದಂಬರಿ ಇದು. ‘ಸುಧಾ’ ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದಾಗಲೇ ಓದುಗರ ನಿದ್ದೆ ಕೆಡಿಸಿತ್ತು.

ಕತೆ ಎಲ್ಲರಿಗೂ ಗೊತ್ತು. ಪ್ರಾಮಾಣಿಕ ಪೊಲೀಸ್ ಅಧಿಕಾರಿ ಸುಶೀಲ್ ಕುಮಾರ್. ಅವನನ್ನೇ ಹೋಲುವ ಪಾತಕಿ ಕನ್ವರ್‌ಲಾಲ್. ಆ ವೇಷ ಹಾಕಿ ಅಧಿಕಾರಿ ಕಳ್ಳರ ಕೂಟದೊಳಕ್ಕೆ ಹೋಗುತ್ತಾನೆ. ಒಳಗೆ ಹೋದ ಮೇಲೆ ಕಾಣುವುದು ಬೀದಿಯ ಕಳ್ಳರಲ್ಲ, ಮೇಲಿನ ಕುರ್ಚಿಯ ದೊಡ್ಡವರು. ಅವನು ಅನುಭವಿಸುವ ಚಿತ್ರಹಿಂಸೆಯ ದೃಶ್ಯ ನೋಡಲಾಗದೆ ಹೆಂಗಸರು ಸೆರಗಿನಲ್ಲಿ ಮುಖ ಮುಚ್ಚಿಕೊಂಡರು. ಇಷ್ಟು ಹಿಂಸೆ ತೋರಿಸಬಹುದೇ ಎಂದು ದೊಡ್ಡ ವಾದವೇ ಎದ್ದಿತು. ಎದ್ದಷ್ಟೂ ಟೆಂಟು ತುಂಬಿತು.

ಮಂಡ್ಯದ ಕಡೆಯ ದೊಡ್ಡರಸಿನಕೆರೆಯ ಹುಡುಗ ಅಂಬರೀಷ್ ಅಲ್ಲಿಯ ತನಕ ಹೆಚ್ಚಾಗಿ ಖಳ, ಇಲ್ಲವೇ ಎರಡನೆಯ ನಾಯಕ. ‘ಅಂತ’ದ ಮೇಲೆ ರೆಬೆಲ್ ಸ್ಟಾರ್. ಅದೇ ವರ್ಷ ಬಾಬು ಇದನ್ನು ಹಿಂದಿಯಲ್ಲಿ ‘ಮೇರಿ ಆವಾಜ್ ಸುನೋ’ ಎಂದು ತೆಗೆದರು. ಅಲ್ಲಿ ಜಿತೇಂದ್ರ, ಹೇಮಮಾಲಿನಿ. ಕನ್ನಡದ ಸರಕು ಬೊಂಬಾಯಿ ಪೇಟೆಗೂ ಹೋಯಿತು.

ಇಲ್ಲಿ ನಿಂತು ವ್ಯಾಪಾರಿಯ ಹಾಗೆ ಯೋಚನೆ ಮಾಡಿ. ಇಂಥ ಮಾಲು ಓಡಿದ ಮೇಲೆ ಬುದ್ಧಿವಂತ ಏನು ಮಾಡುತ್ತಾನೆ? ಇನ್ನೂ ನಾಲ್ಕು ‘ಅಂತ’ ತೆಗೆಯುತ್ತಾನೆ. ಹಂಚಿಕೆದಾರರು ದುಡ್ಡಿನ ಚೀಲ ಹಿಡಿದು ಬಾಗಿಲಲ್ಲಿ ನಿಂತಿರುತ್ತಾರೆ.

ಡಾಕ್ಟರ ಕಣ್ಣೀರು

1984ರಲ್ಲಿ ಬಂದದ್ದು ‘ಬಂಧನ’. ಉಷಾ ನವರತ್ನರಾಂ ಅವರ ಕಾದಂಬರಿ. ಡಾಕ್ಟರ್ ಹರೀಶ್, ಡಾಕ್ಟರ್ ನಂದಿನಿ. ಅವನಿಗೆ ಅವಳ ಮೇಲೆ ಜೀವ. ಅವಳು ಮದುವೆಯಾಗುವುದು ಇನ್ನೊಬ್ಬನನ್ನು. ಇಷ್ಟೇ ಕತೆ. ಕತ್ತಿ ಇಲ್ಲ, ಕೋವಿ ಇಲ್ಲ.

ನಾಯಕ ಯಾರು? ‘ನಾಗರಹಾವು’ ಕಾಲದಿಂದ ಸಿಟ್ಟಿನ ಹುಡುಗ ಎಂದು ಹೆಸರಾದ ವಿಷ್ಣುವರ್ಧನ್. ಹೊಡೆದಾಡಲಿ ಎಂದು ಚಪ್ಪಾಳೆ ತಟ್ಟಲು ಬಂದ ಹುಡುಗರ ಮುಂದೆ ಅವರು ಕನ್ನಡಕ ಹಾಕಿಕೊಂಡು ಸುಮ್ಮನೆ ಅತ್ತರು. ಎದುರಿಗೆ ಸುಹಾಸಿನಿ, ಗಂಡನ ಪಾತ್ರದಲ್ಲಿ ಜೈಜಗದೀಶ್, ಎಂ. ರಂಗರಾವ್ ಸಂಗೀತ. ಬೆಂಚಿನವರೂ ಅತ್ತರು, ಕುರ್ಚಿಯವರೂ ಅತ್ತರು. ವಿಷ್ಣುವಿಗೆ ಹೆಣ್ಣುಮಕ್ಕಳ ಅಭಿಮಾನ ಕಟ್ಟಿಕೊಟ್ಟ ಚಿತ್ರ ಇದು.

ಅದೇ ವರ್ಷ ‘ಗಂಡಭೇರುಂಡ’ ಕೂಡ. ಇದು ನಿಧಿ ಹುಡುಕಾಟದ ಕತೆ. ಅಂಬರೀಷ್, ಶಂಕರನಾಗ್, ಶ್ರೀನಾಥ್ ಇದ್ದ ಸಾಹಸ ಚಿತ್ರ. ಒಂದೇ ವರ್ಷ, ಒಬ್ಬರೇ ನಿರ್ದೇಶಕರು, ಒಂದು ಕಣ್ಣೀರಿನ ಚಿತ್ರ, ಒಂದು ಕುದುರೆ ಧೂಳಿನ ಚಿತ್ರ.

ಕೊಡಗಿನ ಸಿಪಾಯಿ

1990ರ ‘ಮುತ್ತಿನ ಹಾರ’ ಬಾಬು ತಾವೇ ಬರೆದು, ತಾವೇ ಬಂಡವಾಳ ಹೂಡಿ, ತಾವೇ ನಿರ್ದೇಶಿಸಿದ ಚಿತ್ರ. ಕೊಡಗಿನ ಸಿಪಾಯಿ ಅಚ್ಚಪ್ಪ. ಅವನ ಕೈಹಿಡಿದ ನರ್ಸ್ ಅನ್ನಪೂರ್ಣ. ಎರಡನೇ ಮಹಾಯುದ್ಧದಿಂದ ಶುರುವಾಗಿ ಸ್ವತಂತ್ರ ಭಾರತದ ಯುದ್ಧದ ತನಕ ಅವರ ಸಂಸಾರ ನಡೆಯುತ್ತದೆ. ಮರಳು, ಹಿಮ, ಕಾಫಿ ತೋಟ ಎಲ್ಲವೂ ಕಾಣುತ್ತದೆ. ಹಂಸಲೇಖ ಸಂಗೀತದಲ್ಲಿ ಬಾಲಮುರಳಿಕೃಷ್ಣರ ದನಿ.

ಕನ್ನಡದಲ್ಲಿ ಯುದ್ಧದ ಚಿತ್ರ ತೆಗೆಯುವುದೆಂದರೆ ಅಡಿಕೆ ಮಾರುವವನು ಬಂಗಾರದ ಅಂಗಡಿ ಇಟ್ಟಂತೆ. ಖರ್ಚು ಹಿಂದಿಯಷ್ಟು, ಮಾರುಕಟ್ಟೆ ಕರ್ನಾಟಕದಷ್ಟು. ಬೇರೆಯವರ ದುಡ್ಡಿನಲ್ಲಿ ಹೊಸ ಮಾಲು ಪರೀಕ್ಷೆ ಮಾಡುವವರು ಬೇಕಾದಷ್ಟು ಜನ. ತಮ್ಮ ಗಂಟು ಇಟ್ಟು ಪರೀಕ್ಷೆ ಮಾಡಿದವರು ಕಡಿಮೆ.

ಆಮೇಲೆ 1993ರಲ್ಲಿ ತ್ರಿವೇಣಿ ಅವರ ಕಾದಂಬರಿ ‘ಹೂವು ಹಣ್ಣು’, ಲಕ್ಷ್ಮಿ ಮುಖ್ಯ ಪಾತ್ರದಲ್ಲಿ. ಮಗಳನ್ನು ಸಾಕಲು ತನ್ನನ್ನೇ ಮಾರಿಕೊಳ್ಳುವ ಹೆಂಗಸಿನ ಕತೆ. 1994ರಲ್ಲಿ ‘ಮಹಾಕ್ಷತ್ರಿಯ’. 1995ರಲ್ಲಿ ಟಿ.ಕೆ. ರಾಮರಾವ್ ಕಾದಂಬರಿ ಆಧರಿಸಿದ ‘ಹಿಮಪಾತ’. 1997ರಲ್ಲಿ ‘ಮುಂಗಾರಿನ ಮಿಂಚು’.

ನಗಿಸಲು ಹೊರಟಾಗ

2001ರಲ್ಲಿ ಮತ್ತೆ ಬೋರ್ಡು ಬದಲು. ‘ಕುರಿಗಳು ಸಾರ್ ಕುರಿಗಳು’. ರಮೇಶ್, ಎಸ್. ನಾರಾಯಣ್, ಮೋಹನ್ ಮೂವರೂ ಸೇರಿ ಜನರನ್ನು ಹೊಟ್ಟೆ ಹಿಡಿದುಕೊಂಡು ನಗುವಂತೆ ಮಾಡಿದರು. ನಗಿಸುವುದು ಅಳಿಸುವುದಕ್ಕಿಂತ ಕಷ್ಟ. ಅಳುವವನು ಒಂದು ನಿಮಿಷ ತಡವಾಗಿ ಅತ್ತರೂ ನಡೆಯುತ್ತದೆ. ನಗೆ ಒಂದು ಕ್ಷಣ ತಡವಾದರೆ ಸತ್ತಿತು.

ಚಿತ್ರ ಗೆದ್ದಿತು. ಗೆದ್ದ ಮೇಲೆ ಮೊದಲ ಸಲ ಬಾಬು ಉಳಿದವರಂತೆ ಮಾಡಿದರು. ಅದೇ ಸರಕನ್ನು ಮತ್ತೆ ತಂದರು. ಅದೇ ವರ್ಷ ‘ಕೋತಿಗಳು ಸಾರ್ ಕೋತಿಗಳು’, 2003ರಲ್ಲಿ ‘ಕತ್ತೆಗಳು ಸಾರ್ ಕತ್ತೆಗಳು’. ಪ್ರಾಣಿ ಬದಲಾಯಿತು, ನಗೆ ಅದೇ ಉಳಿಯಿತು, ರುಚಿ ಇಳಿಯಿತು. ಇದೇ ಹೇಳುತ್ತದೆ: ಬೋರ್ಡು ಬದಲಿಸುವುದೇ ಈ ಮನುಷ್ಯನ ಶಕ್ತಿ. ಒಂದೇ ಬೋರ್ಡು ಕಟ್ಟಿಕೊಂಡಾಗ ವ್ಯಾಪಾರ ಮಂಕಾಯಿತು.

ಬದಲಾಗದ ತಕ್ಕಡಿ

ಹಾಗಾದರೆ ಗಿರಾಕಿ ಯಾವ ನಂಬಿಕೆಯ ಮೇಲೆ ಬಂದ? ಸರಕು ಬದಲಾದರೂ ತಕ್ಕಡಿ ಬದಲಾಗಲಿಲ್ಲ.

ಸುಶೀಲ್ ಕುಮಾರ್‌ನನ್ನು ತೆಗೆದುಕೊಳ್ಳಿ. ಹಾಕಿದ ಯೂನಿಫಾರಂಗೆ ನಿಷ್ಠ. ಅದಕ್ಕಾಗಿ ಮೈಯೆಲ್ಲ ಏಟು. ಡಾಕ್ಟರ್ ಹರೀಶ್ ತನ್ನ ಪ್ರೀತಿಗೆ ನಿಷ್ಠ. ಅದಕ್ಕಾಗಿ ಜೀವಮಾನದ ಒಂಟಿತನ. ಅಚ್ಚಪ್ಪ ದೇಶಕ್ಕೆ ನಿಷ್ಠ. ಅವನು ಗೆಲ್ಲುವ ಯುದ್ಧಗಳಲ್ಲಿ ಅವನ ಮನೆ ಸೋಲುತ್ತದೆ. ‘ಹೂವು ಹಣ್ಣು’ವಿನ ತಾಯಿ ಮಗಳಿಗೆ ನಿಷ್ಠೆ. ಅದಕ್ಕೆ ತೆತ್ತದ್ದು ಮಾನ. ಒಬ್ಬ ಮನುಷ್ಯ ಒಂದು ಮಾತಿಗೆ ಕಟ್ಟುಬಿದ್ದರೆ ಎಷ್ಟು ಬೆಲೆ ತೆರಬೇಕು, ಈ ಒಂದೇ ಪ್ರಶ್ನೆಯನ್ನು ಬಾಬು ಬೇರೆಬೇರೆ ತೂಕದ ಕಲ್ಲಿಟ್ಟು ತೂಗಿದ್ದಾರೆ. ಪೊಲೀಸ್ ಸ್ಟೇಷನ್ನು, ಆಸ್ಪತ್ರೆ, ಗಡಿ, ಮನೆ, ಇವೆಲ್ಲ ಮೇಲಿನ ಬಟ್ಟೆ.

ಹಾಲಿವುಡ್ಡಿನಲ್ಲಿ ಹೊವರ್ಡ್ ಹಾಕ್ಸ್ ಎಂಬ ನಿರ್ದೇಶಕರಿದ್ದರು. ದರೋಡೆಕೋರರ ಚಿತ್ರ, ಹಾಸ್ಯ, ಕುದುರೆ ಸವಾರರ ಚಿತ್ರ ಎಲ್ಲವನ್ನೂ ತೆಗೆದರು. ಕನ್ನಡದಲ್ಲೂ ಈ ದಾರಿಯಲ್ಲಿ ಬಾಬು ಒಬ್ಬರೇ ಅಲ್ಲ. ದೊರೆ-ಭಗವಾನ್ ಜೋಡಿ 1968ರಲ್ಲಿ ‘ಜೇಡರ ಬಲೆ’ಯ ಪತ್ತೇದಾರಿಯಿಂದ ಶುರು ಮಾಡಿ 1971ರಲ್ಲಿ ‘ಕಸ್ತೂರಿ ನಿವಾಸ’ಕ್ಕೆ ಬಂತು. ‘ಬಂಗಾರದ ಮನುಷ್ಯ’ದ ಸಿದ್ಧಲಿಂಗಯ್ಯ 1980ರಲ್ಲಿ ಈ ಜಿಲ್ಲೆಯ ಬೆಟ್ಟದ ಹೆಸರು ಹೊತ್ತ ‘ಬಿಳಿಗಿರಿಯ ಬನದಲ್ಲಿ’ ತೆಗೆದರು. ಆದರೆ ಹಾವಿನಿಂದ ಹಿಡಿದು ಹಿಮದ ತನಕ, ಮಕ್ಕಳಿಂದ ಹಿಡಿದು ಕುರಿಗಳ ತನಕ ಇಷ್ಟು ದೂರ ಅಡ್ಡಾಡಿದವರು ವಿರಳ.

ಒಂದು ಓಟು, ಒಂದು ಟಿಕೇಟು

ಸಂತೆಮರಹಳ್ಳಿಗೆ ಒಂದರ ಬೆಲೆ ಚೆನ್ನಾಗಿ ಗೊತ್ತು. 2004ರ ವಿಧಾನಸಭಾ ಚುನಾವಣೆಯಲ್ಲಿ ಇಲ್ಲಿ ಆರ್. ಧ್ರುವನಾರಾಯಣ ಗೆದ್ದದ್ದು ಒಂದೇ ಒಂದು ಓಟಿನಲ್ಲಿ. ಅವರಿಗೆ 40,752, ಎ.ಆರ್. ಕೃಷ್ಣಮೂರ್ತಿ ಅವರಿಗೆ 40,751. 2008ರಲ್ಲಿ ಕ್ಷೇತ್ರವೇ ಇಲ್ಲವಾಯಿತು, ಮಾತು ಉಳಿಯಿತು.

ಸಿನಿಮಾದಲ್ಲಿ ಟಿಕೇಟೇ ಓಟು. ಆ ಓಟಿನ ಪೆಟ್ಟಿಗೆ ಹಳ್ಳಿಯ ಟೆಂಟಿನಲ್ಲಿತ್ತು. ಎರಡೂವರೆ ಗಂಟೆಯ ಚಿತ್ರ ಎಂದರೆ ನಿಮಿಷಕ್ಕೆ 90 ಅಡಿಯ ಲೆಕ್ಕದಲ್ಲಿ 13,500 ಅಡಿ ರೀಲು. ಡಬ್ಬಗಳಲ್ಲಿ ತುಂಬಿ ಬಸ್ಸಿನ ಟಾಪಿನ ಮೇಲೆ ಕಟ್ಟಿ ಕಳಿಸುತ್ತಿದ್ದರು. ಮೊದಲು ಬೆಂಗಳೂರು, ಮೈಸೂರು. ಆಮೇಲೆ ತಾಲ್ಲೂಕು. ಕಡೆಗೆ ಟೆಂಟು. ಅಲ್ಲಿಗೆ ಬರುವ ಹೊತ್ತಿಗೆ ಪರದೆಯ ಮೇಲೆ ಮಳೆ ಸುರಿದಂತೆ ಗೀರು. ಪ್ರೊಜೆಕ್ಟರು ಒಂದೇ ಆದ್ದರಿಂದ ರೀಲು ಬದಲಿಸುವಾಗಲೆಲ್ಲ ಒಂದು ಬಿಡುವು, ಕಡ್ಲೆಪುರಿಯವನಿಗೆ ವ್ಯಾಪಾರ.

ಆ ಟೆಂಟಿಗೆ ಒಂದು ಗುಣ ಇತ್ತು. ಡಬ್ಬದಲ್ಲಿ ಬಂದದ್ದನ್ನು ಊರೆಲ್ಲ ನೋಡಬೇಕು. ಹೊಡೆದಾಟ ಬೇಕು ಎನ್ನುವ ಹುಡುಗನೂ ‘ಬಂಧನ’ ನೋಡಿದ. ಕಣ್ಣೀರು ಬೇಕು ಎನ್ನುವ ಅಜ್ಜಿಯೂ ಮೊಮ್ಮಗನ ಜೊತೆ ‘ನಾಗರಹೊಳೆ’ ನೋಡಿದಳು. ಹತ್ತು ಸರಕು ತರುವವನಿಗೆ ಹತ್ತು ಥರದ ಗಿರಾಕಿ ಒಂದೇ ನೆಲದ ಮೇಲೆ ಕೂತಿದ್ದರು. ಇವತ್ತು ಬಸ್ಸಿನಲ್ಲಿ ಕೂತವರ ಕೈಲೆಲ್ಲ ಮೊಬೈಲು. ಒಂದು ಹೊಡೆದಾಟ ನೋಡಿದರೆ ಅದು ಇನ್ನೂ ಹತ್ತು ಹೊಡೆದಾಟ ತಂದು ಮುಂದಿಡುತ್ತದೆ. ಪಕ್ಕದ ಸೀಟಿನವರು ಏನು ನೋಡಿ ಅತ್ತರು, ಏನು ನೋಡಿ ನಕ್ಕರು, ಗೊತ್ತಾಗುವುದೇ ಇಲ್ಲ. ಇಂಥ ಪೇಟೆಯಲ್ಲಿ ಬೋರ್ಡು ಬದಲಿಸುವ ನಿರ್ದೇಶಕ ಬದುಕುವುದು ಇನ್ನೂ ಕಷ್ಟ.

ಮಾಡಬಹುದಾದ ಕೆಲಸ

ಕನ್ನಡದ ಮೊದಲ ಮಾತಿನ ಚಿತ್ರ, 1934ರ ‘ಸತಿ ಸುಲೋಚನ’. ಅದರ ಒಂದು ಪ್ರಿಂಟೂ ಇವತ್ತು ಉಳಿದಿಲ್ಲ. ರೀಲು ಎಂಬುದು ಅಕ್ಕಿಮೂಟೆ ಇದ್ದಂತೆ. ಗಾಳಿ, ತೇವ ನೋಡಿಕೊಳ್ಳದಿದ್ದರೆ ಹುಳಿ ವಾಸನೆ ಹೊಡೆದು ಸುರುಟಿ ಹೋಗುತ್ತದೆ. ಮೈಸೂರಿನಲ್ಲಿ ತಯಾರಾದ ಮಹಾತ್ಮ ಪಿಕ್ಚರ್ಸ್ ಚಿತ್ರಗಳಾಗಲಿ, ಮಗನ ಚಿತ್ರಗಳಾಗಲಿ, ಆ ಗತಿಗೆ ಬೀಳಬಾರದು. ಚಲನಚಿತ್ರ ಅಕಾಡೆಮಿಯ ಅಧ್ಯಕ್ಷ ಪದವಿಯಲ್ಲೂ ಇದ್ದವರು ಬಾಬು. ಆ ಅಕಾಡೆಮಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೈಸೂರು ದಸರೆಯಲ್ಲಿ ಚಲನಚಿತ್ರೋತ್ಸವ ನಡೆಯುತ್ತದೆ. ಚಾಮರಾಜನಗರ ಜಿಲ್ಲೆಗೂ ಒಂದು ವಾರ ಅಂಥದ್ದು ಬರಲಿ. ಜಿಲ್ಲಾಡಳಿತ ಮನಸ್ಸು ಮಾಡಿದರೆ ಹೋಬಳಿ ಕೇಂದ್ರದ ಶಾಲಾ ಮೈದಾನ ಸಾಕು, ಒಂದು ಬಿಳಿ ಪರದೆ ಸಾಕು. ಸೋಮವಾರ ‘ನಾಗರಹೊಳೆ’, ಮಂಗಳವಾರ ‘ಬಂಧನ’, ಬುಧವಾರ ‘ಮುತ್ತಿನ ಹಾರ’, ಗುರುವಾರ ‘ಕುರಿಗಳು ಸಾರ್ ಕುರಿಗಳು’. ‘ಅಂತ’ವನ್ನು ಮಕ್ಕಳು ಮಲಗಿದ ಮೇಲೆ ಹಾಕಲಿ. ನಾಲ್ಕೂ ಕಡೆಯಿಂದ ರಸ್ತೆ ಬಂದು ಕೂಡುವ ಊರು ಸಂತೆಮರಹಳ್ಳಿ. ಯಳಂದೂರಿನವರು, ನಗರದವರು, ನರಸೀಪುರದ ರಸ್ತೆಯವರು ಎಲ್ಲ ಬಂದು ಕೂರಬಹುದು. ಕೊನೆಯ ಬಸ್ಸನ್ನು ಅರ್ಧ ಗಂಟೆ ತಡವಾಗಿ ಬಿಡುವ ಏರ್ಪಾಡೊಂದು ಆದರೆ ಮೈದಾನ ತುಂಬುವುದರಲ್ಲಿ ಅನುಮಾನವಿಲ್ಲ.